ಗೇಟಿನಾಚೆಯ ಚೆಲುವಮ್ಮ

ನಮ್ಮ ಬೀದಿಯ ಸೊಪ್ಪಿನ ಗಾಡಿಗೆ ಈಗ ಮೈಕು ಬಂದಿದೆ. ಗಾಡಿಯವನು ಬಾಯಿ ಬಿಡುವುದೇ ಇಲ್ಲ. ಎಂದೋ ತುಂಬಿಸಿಟ್ಟ ದನಿ 'ದಂಟು, ಮೆಂತ್ಯ, ಸಬ್ಬಸಿಗೆ' ಎಂದು ತನ್ನಷ್ಟಕ್ಕೆ ಕೂಗಿಕೊಳ್ಳುತ್ತಿರುತ್ತದೆ. ಮೈಕಿನ ಜೊತೆ ಯಾರು ಜಗಳವಾಡುತ್ತಾರೆ ಹೇಳಿ? ಇವತ್ತು ಬೆಳಗ್ಗೆ ಅವನು ಕೊಟ್ಟ ಬಾಡಿದ ದಂಟನ್ನು ತೆಪ್ಪಗೆ ತೆಗೆದುಕೊಂಡು ಒಳಗೆ ಬಂದೆ. ಬಂದವಳಿಗೆ ಸರೋಜಕ್ಕ ನೆನಪಾದರು.

ನೀವು ಅವರ ಮುಖ ನೋಡಿರಲಾರಿರಿ, ದನಿ ಕೇಳಿದ್ದರೂ ಕೇಳಿರಬಹುದು. ಎಪ್ಪತ್ತರ ದಶಕದಲ್ಲಿ ಭಾನುವಾರ ಬೆಳಗ್ಗೆ ರೇಡಿಯೋದಲ್ಲಿ ವಠಾರವೊಂದರ ಹಾಸ್ಯ ನಾಟಕ ಬರುತ್ತಿತ್ತು. ಅದರಲ್ಲಿ ಬಾಡಿಗೆದಾರರನ್ನು ಗೋಳುಹೊಯ್ದುಕೊಳ್ಳುವ ಮನೆ ಒಡತಿ ಚೆಲುವಮ್ಮನೇ ನಮ್ಮ ಸರೋಜಕ್ಕ. ನಾನು ಮದುವೆಯಾಗಿ ರಾಜಾಜಿನಗರಕ್ಕೆ ಬಂದಾಗ ನಮ್ಮವರು ಹಿಡಿದಿದ್ದ ಔಟ್‌ಹೌಸು ಅವರದೇ. "ಓನರ್ರು ರೇಡಿಯೋ ಚೆಲುವಮ್ಮ ಅಂತೆ ಕಣೇ!" ಎಂದು ಇವರು ಬೀಗಿದರೆ ನಾನು ಹಣೆ ಚಚ್ಚಿಕೊಂಡೆ. ಹೋಗಿ ಹೋಗಿ ಆ ಬಜಾರಿಯ ಮನೆಯೇ ಸಿಗಬೇಕಿತ್ತೇ! ಮೊದಮೊದಲು ನಲ್ಲಿ ತಿರುಗಿಸುವುದಕ್ಕೂ ಹೆದರುತ್ತಿದ್ದೆ.

ನೋಡಿದರೆ ಸರೋಜಕ್ಕನ ಮಾತು ಪಕ್ಕದಲ್ಲಿ ಕೂತವರಿಗೂ ಕೇಳಿಸದು. "ಉಪ್ಪು ಸಾಕಾ ನೋಡಮ್ಮ" ಎನ್ನುವುದನ್ನೂ ಗುಟ್ಟಿನಂತೆ ಹೇಳುವವರು. ರೆಕಾರ್ಡಿಂಗ್ ಇದ್ದ ದಿನ ಹುಳಿ ಇಳಿಸಿ, ಮಕ್ಕಳಿಗೆ ಜಡೆ ಹಾಕಿ ಬಸ್ಸು ಹತ್ತುವರು. ಸಂಜೆ ಬಂದವರೇ ದೋಸೆಗೆ ರುಬ್ಬಲು ಕೂರುವರು. ಬೀದಿಯ ಹೆಂಗಸರು "ಒಂದ್ಸಲ ಬೈಯಿರಿ ಸರೋಜಮ್ಮ, ಕಿವಿ ತಣ್ಣಗಾಗ್ಲಿ" ಎಂದು ಗೋಗರೆದರೂ ನಕ್ಕು ಒಳಗೆ ಹೋಗಿಬಿಡುವರು. ಚೆಲುವಮ್ಮನ ದನಿ ಗೇಟಿನಿಂದ ಈಚೆಗೆ ಬರಬಾರದೆಂದು ಅವರೇ ಹಾಕಿಕೊಂಡ ಕಟ್ಟು ಅದು.

ಯಾಕೆಂದು ತಿಳಿದದ್ದು ಅವರ ಅತ್ತೆಯಿಂದ. ಅಜ್ಜಿ ಸೊಪ್ಪಿನವನನ್ನು ಗೇಟಿನಲ್ಲಿ ನಿಲ್ಲಿಸಿಕೊಂಡರೆಂದರೆ ಮುಗಿಯಿತು. "ಏನಯ್ಯಾ, ಇದನ್ನ ಸೊಪ್ಪು ಅಂತೀಯಾ? ನಮ್ಮನೆ ಪೊರಕೆಗೆ ಇದಕ್ಕಿಂತ ಜೀವ ಇದೆ!" ಬೈದು ಮುಗಿಸಿ ಅಡುಗೆಮನೆಯ ಕಡೆ ತಿರುಗಿ, "ಕೇಳಿಸ್ತೇನೇ ಸರೋಜಾ?" ಎನ್ನುವರು. ಒಳಗಿನಿಂದ ಸಣ್ಣಗೆ "ಹೂಂ ಅತ್ತೆ."

ಮುಂದಿನ ಭಾನುವಾರ ಎಲ್ಲರೂ ನಡುಮನೆಯಲ್ಲಿ ರೇಡಿಯೋ ಮುಂದೆ ಕೂತಿದ್ದೆವು. ಚೆಲುವಮ್ಮ ಬಾಡಿಗೆದಾರನೊಬ್ಬನಿಗೆ, "ಏನಯ್ಯಾ, ಇದನ್ನ ಗಡ್ಡ ಅಂತೀಯಾ? ನಮ್ಮನೆ ಪೊರಕೆಗೆ ಇದಕ್ಕಿಂತ ಜೀವ ಇದೆ!" ಎಂದಳು. ಅದೇ ರಾಗ, ಅದೇ ಎಳೆತ. ನಾನು ಓರೆಗಣ್ಣಿನಲ್ಲಿ ಅಜ್ಜಿಯನ್ನು ನೋಡಿದೆ. ಅವರು ತೊಡೆ ತಟ್ಟಿ ನಕ್ಕರು. "ಅಬ್ಬಬ್ಬಾ, ಏನು ಬಾಯಿ ಈ ಹೆಂಗಸಿಗೆ! ಇವಳ ಸೊಸೆ ಹೆಂಗೆ ಬಾಳ್ತಾಳೋ ಪಾಪ!"

ಸಂಜೆ ಒಗೆಯುವ ಕಲ್ಲಿನ ಹತ್ತಿರ ಸರೋಜಕ್ಕ ನನ್ನ ಕೈ ಹಿಡಿದುಕೊಂಡರು. "ಯಾರಿಗೂ ಹೇಳ್ಬೇಡ ಕಣೇ. ಕಥೆ ರೇಡಿಯೋದವರು ಬರೀತಾರೆ, ಬೈಗುಳ ನಾನು ಸೇರಿಸ್ಕೋತೀನಿ. ಎಲ್ಲಾ ಅತ್ತೇದೇ. ನಾನು ಹೊರಗೆ ಹೋದಾಗ ಮಕ್ಕಳಿಗೆ ಅನ್ನ ಹಾಕೋರು ಅವರು. ಊರಿಗೆಲ್ಲ ತಮ್ಮನ್ನ ನಗೆಪಾಟಲು ಮಾಡಿದೀನಿ ಅಂತ ಗೊತ್ತಾದ್ರೆ ಎಷ್ಟು ನೊಂದ್ಕೋತಾರೋ! ಅವತ್ತೇ ರೇಡಿಯೋ ಬಿಟ್ಬಿಡ್ತೀನಿ."

ಅಂಥ ದಿನ ಬರುವ ಮೊದಲೇ ಅಜ್ಜಿಗೆ ಲಕ್ವ ಹೊಡೆಯಿತು. ಬಲಗೈ ಹೋಯಿತು, ಮಾತೂ ಹೋಯಿತು. ಸರೋಜಕ್ಕ ರೆಕಾರ್ಡಿಂಗಿಗೆ ಹೋಗುವುದನ್ನು ನಿಲ್ಲಿಸಿದರು. "ಅತ್ತೆ ಹೀಗೆ ಕೂತಿರೋವಾಗ ಅವರ ಮಾತಲ್ಲಿ ನಾನು ಹೇಗೆ ನಗಿಸ್ಲಿ?" ಎಂದು ಅತ್ತರು. ಭಾನುವಾರ ಮನೆಯಲ್ಲಿ ರೇಡಿಯೋ ಹಾಕುವುದೂ ನಿಂತಿತು.

ಒಂದು ಬೆಳಗ್ಗೆ ಅಜ್ಜಿಯನ್ನು ಜಗಲಿಯಲ್ಲಿ ಕುರ್ಚಿ ಹಾಕಿ ಕೂರಿಸಿದ್ದರು. ಸೊಪ್ಪಿನವನು ಬಂದು ಅವರ ಮುಂದೆ ಒಂದು ಕಟ್ಟು ದಂಟು ಇಟ್ಟ. ಬಾಡಿ ಜೋತುಬಿದ್ದಿತ್ತು. ಅಜ್ಜಿಯ ತುಟಿ ಅದುರಿತು, ಕತ್ತಿನ ನರ ಉಬ್ಬಿತು, ಮಾತು ಹೊರಡಲಿಲ್ಲ. ಕಣ್ಣಿಂದ ನೀರು ಇಳಿಯಿತು. ನನಗೆ ನೋಡಲಾಗಲಿಲ್ಲ.

"ಏನಯ್ಯಾ! ಇದನ್ನ ಸೊಪ್ಪು ಅಂತೀಯಾ?"

ಸರೋಜಕ್ಕ! ಸೆರಗು ಸಿಕ್ಕಿಸಿಕೊಂಡು ಬಾಗಿಲಲ್ಲಿ ನಿಂತಿದ್ದರು. "ನಮ್ಮನೆ ಪೊರಕೆಗೆ ಇದಕ್ಕಿಂತ ಜೀವ ಇದೆ!" ಎಂದು ಬೀದಿಗೆಲ್ಲ ಕೇಳುವಂತೆ ಗುಡುಗಿ, ಮರುಕ್ಷಣ ಬಾಯಿಗೆ ಕೈ ಅಡ್ಡ ಹಿಡಿದರು. ಅತ್ತೆಯ ಎದುರೇ ಗುಟ್ಟು ಬಯಲಾಗಿತ್ತು.

ಅಜ್ಜಿ ಸೊಸೆಯನ್ನು ನೋಡಿದರು. ಎಡಗೈ ಎತ್ತಿ, ಇನ್ನೂ ಜೋರಾಗಿ ಎನ್ನುವಂತೆ ಮೇಲಕ್ಕೆ ಆಡಿಸಿದರು. ಸೊಟ್ಟಗಾದ ಬಾಯಿಯಲ್ಲೇ ನಗುತ್ತಿದ್ದರು. ಆಮೇಲೆ ಅದೇ ಕೈಯಿಂದ ಬಾಗಿಲ ಮೊಳೆಯಲ್ಲಿ ತೂಗುತ್ತಿದ್ದ ಸರೋಜಕ್ಕ ರೆಕಾರ್ಡಿಂಗಿಗೆ ಒಯ್ಯುತ್ತಿದ್ದ ಬ್ಯಾಗನ್ನು ತೋರಿಸಿ, ರಸ್ತೆಯ ಕಡೆ ತೋರಿಸಿದರು. ಅಯ್ಯೋ ನನ್ನ ದಡ್ಡತನವೇ! ಅಜ್ಜಿಗೆ ಮೊದಲಿಂದಲೂ ಗೊತ್ತಿತ್ತು. ಅಷ್ಟು ದಿನವೂ ಸೊಸೆಗೆ ಕೇಳಿಸಲೆಂದೇ ಅವರು ಗೇಟಿನಲ್ಲಿ ನಿಂತು ಬೈಯುತ್ತಿದ್ದರು.

ಸರೋಜಕ್ಕ ಅವರ ಮಂಡಿಯ ಹತ್ತಿರ ಕೂತು ಮೆಲ್ಲಗೆ ಕೇಳಿದರು, "ಕೇಳಿಸ್ತಾ ಅತ್ತೆ?"

ಮುಂದಿನ ವಾರ ಅಜ್ಜಿಗೆ ಊಟ ಮಾಡಿಸುವ ಕೆಲಸ ನನಗೆ ಒಪ್ಪಿಸಿ ಬಸ್ಸು ಹತ್ತಿದರು. ಅಜ್ಜಿ ಇರುವವರೆಗೂ ದಿನಾ ಬೆಳಗ್ಗೆ ಚೆಲುವಮ್ಮ ಜಗಲಿಗೆ ಬಂದು ಬೈದಳು. ಸೊಪ್ಪಿನವನೂ ಬೇಕೆಂದೇ ಒಂದು ಬಾಡಿದ ಕಟ್ಟನ್ನು ಮೇಲಿಟ್ಟುಕೊಂಡು ಬರುತ್ತಿದ್ದನೆಂದು ನನ್ನ ಗುಮಾನಿ.

ಇಷ್ಟೆಲ್ಲ ನೆನೆದು ಮುಗಿಸಿದರೂ ಗಾಡಿ ಇನ್ನೂ ಪಕ್ಕದ ಮನೆ ಮುಂದೆಯೇ ಇತ್ತು. ದಂಟಿನ ಕಟ್ಟು ಹಿಡಿದು ಗೇಟಿಗೆ ಓಡಿದೆ. "ಏನಪ್ಪಾ! ಇದನ್ನ ಸೊಪ್ಪು ಅಂತೀಯಾ?" ನನ್ನ ದನಿಗೆ ನಾನೇ ಬೆಚ್ಚಿದೆ. ಅವನು ಗಾಬರಿಯಾಗಿ ಮೈಕು ಆರಿಸಿ, ಒಳ್ಳೆಯ ಕಟ್ಟು ಹುಡುಕತೊಡಗಿದ.

"ಕೇಳಿಸ್ತಾ?" ಎಂದೆ, ಒಳಗಿದ್ದ ನಮ್ಮವರಿಗೆ.

"ಕೇಳಿಸ್ತು ಕಣೇ," ಎಂದರು, "ಚೆಲುವಮ್ಮ ಬಂದ್ಲೇನೋ ಅಂದ್ಕೊಂಡೆ."