ತೂಲಿಕ್ಕಿ ಕಲಿತ ‘ಬಂದೆ’

ಹೆಸರು ತೂಲಿಕ್ಕಿ, ಫಿನ್‌ಲೆಂಡಿನವಳು. ಶಿಕಾಗೋದಿಂದ ನಾಲ್ಕೈದು ತಾಸು ದೂರದ ನೋವೈ ಊರಿನ ಕನ್ನಡಿಗರ ಬಾಯಲ್ಲಿ ‘ತೂಲಿಕಾ’ ಆಗಿ, ಈಗ ಅವಳೂ ಅದಕ್ಕೇ ಓಗೊಡುತ್ತಾಳೆ. ಕಸುಬು ಸಾಕ್ಷ್ಯಚಿತ್ರ. ಸ್ವತಂತ್ರ ನಿರ್ದೇಶಕಿ ಅನ್ನುತ್ತಾರಪ್ಪ. ಅಂದರೆ ಕ್ಯಾಮೆರಾ ಹಿಡಿಯುವವಳೂ, ವ್ಯಾನ್ ಓಡಿಸುವವಳೂ, ಕಾಫಿ ಕಾಸುವವಳೂ ಒಬ್ಬಳೇ! ಮೊದಲ ಚಿತ್ರದಲ್ಲಿ ಗಂಡಸರು ಹೆಪ್ಪುಗಟ್ಟಿದ ಕೆರೆಯ ಮೇಲೆ ಮಾತಿಲ್ಲದೆ ಮೀನು ಕಾಯುತ್ತಾರೆ. ಎರಡನೆಯದರಲ್ಲಿ ಮೀನೂ ಇಲ್ಲ. ಹೊಟ್ಟೆಪಾಡಿಗೆ ನಮ್ಮವರ ಗೃಹಪ್ರವೇಶ, ರಂಗಪ್ರವೇಶಗಳ ವಿಡಿಯೋ.

ಮೂರನೆಯ ಚಿತ್ರ ನೀಲಮ್ಮನದು. ಎಂಜಿನಿಯರ್ ಕಲ್ಮೇಶನ ತಾಯಿ. ಅಡುಗೆಮನೆಯಲ್ಲಿ ಹೊಗೆಯ ಅಲಾರಂ ಬಡಕೊಳ್ಳುತ್ತದೆಂದು ಗ್ಯಾರೇಜಿನಲ್ಲಿ ಕೂತು ಜೋಳದ ರೊಟ್ಟಿ ಬಡಿಯುವ ಗಟ್ಟಿಗಿತ್ತಿ. ಕೊನೆಯ ದೃಶ್ಯವೊಂದೇ ಬಾಕಿ: ಹೊರಗೆ ಹಿಮ, ಒಳಗೆ ರೊಟ್ಟಿ. ಮರುದಿನವೇ ಶಿಕಾಗೋ ಕಡೆಯ ಚಿತ್ರೋತ್ಸವಕ್ಕೆ ಕಳಿಸಬೇಕು. ಇದೂ ತಪ್ಪಿದರೆ ಕ್ಯಾಮೆರಾ ಮೂಲೆಗಿಟ್ಟು ಬೇರೆ ಕೆಲಸ ಹುಡುಕುವುದೆಂದು ತೂಲಿಕ್ಕಿ ತೀರ್ಮಾನಿಸಿದ್ದಳು.

ಮಧ್ಯಾಹ್ನ ಹಿಮ ಶುರುವಾಯಿತು. ಓಡಿಬಂದ ತೂಲಿಕ್ಕಿಗೆ ಗ್ಯಾರೇಜು ತೆರೆದ ಸೊಸೆ ಚೇತನಾ, “ಅತ್ತೆ ಬಾಲಾಜಿ ಟೆಂಪಲ್‌ಗೆ ಹೋಗಿದಾರಲ್ಲ!” ಅಂದಳು. ತೂಲಿಕ್ಕಿ ಕ್ಯಾಮೆರಾ ಚಾಲೂ ಮಾಡಿ, ಸ್ಪೀಕರಿನಲ್ಲಿಟ್ಟು ನೀಲಮ್ಮನಿಗೆ ಫೋನ್ ಮಾಡಿದಳು.

“ಬಂದೆವಾ, ಬಂದೆ!”

ಚಿತ್ರಕ್ಕಾಗಿಯೇ ಕನ್ನಡ ಕ್ಲಾಸಿಗೆ ಹೋದವಳು ಅವಳು. ‘ಬಂದೆ’ ಭೂತಕಾಲ ಎಂದು ರಘೋತ್ತಮ ಅಂಕಲ್ ಹೇಳಿಕೊಟ್ಟಿದ್ದರು. ಬಂದೆ ಅಂದರೆ ಬಂದಾಯಿತು! ಮನೆಯೆಲ್ಲ ಹುಡುಕಿದಳು, ಹಿತ್ತಿಲಲ್ಲೂ ನೋಡಿದಳು, ಪಾಪ. ಮತ್ತೆ ಫೋನ್.

“ಬಂದೇಬಿಟ್ಟೆ ತಂಗಿ, ಪ್ರಸಾದದ ಲೈನಿನ್ಯಾಗ ಅದೇನಿ.”

ಈ ಭೂತಕಾಲಕ್ಕೆ ನಿಜವಾಗಿಯೂ ಭೂತ ಹಿಡಿದಿತ್ತು. ಬೆಳಕು ಹೋಯಿತು, ಹಿಮ ನಿಂತಿತು, ತೂಲಿಕ್ಕಿಗೆ ಅಳುವೇ ಬಂತು. ಕತ್ತಲಾದ ಮೇಲೆ ಕಾರಿಳಿದ ನೀಲಮ್ಮ, “ನೋಡವಾ, ಬಂದೆ ಅಂದಿದ್ದಿಲ್ಲೇನ ನಾ?” ಎಂದು ಅವಳ ಬಾಯಿಗೆ ಪುಳಿಯೋಗರೆ ತುರುಕಿದರು.

ವಿಧಿಯಿಲ್ಲದೆ ಇದ್ದುದನ್ನೇ ಜೋಡಿಸಿದಳು: ಖಾಲಿ ಮಣೆ, ಬೀಳುವ ಹಿಮ, ಫೋನಿನಲ್ಲಿ “ಬಂದೆ, ಬಂದೆ”. ಚಿತ್ರ ಆಯ್ಕೆಯಾಗಿಬಿಟ್ಟಿತು!

ಶಿಕಾಗೋ ಹತ್ತಿರದ ಡೌನರ್ಸ್ ಗ್ರೋವ್‌ನಲ್ಲಿ ಪ್ರದರ್ಶನ. ಹುಟ್ಟಿದಾಗಿನಿಂದ ತಡಮಾಡಿ ಗೊತ್ತಿಲ್ಲದ ತೂಲಿಕ್ಕಿ ಬೆಳಿಗ್ಗೆಯೇ ನೀಲಮ್ಮನನ್ನು ವ್ಯಾನ್ ಹತ್ತಿಸಿಕೊಂಡು ಹೊರಟಳು. “ನಮ್ಮೂರ ನೀಲಗಂಗಾನ ಮನಿ ದಾರ್ಯಾಗೇ ಐತಿ, ಮುಖ ತೋರಿಸಿ ಹೋಗೂಣು” ಅಂದರು ನೀಲಮ್ಮ. ಆ ಮನೆ ಇದ್ದದ್ದು ಎಲ್ಕ್ ಗ್ರೋವ್ ವಿಲೇಜ್‌ನಲ್ಲಿ, ದಾರಿಗೆ ಎಷ್ಟೋ ಮೈಲಿ ಆಚೆ. ಮುಖ ತೋರಿಸಿದವರನ್ನು ಊಟಕ್ಕೆ ಕೂರಿಸದೆ ಬಿಟ್ಟಾರೆಯೇ?

ಚಿತ್ರೋತ್ಸವದ ವಿಭಾ ಫೋನ್ ಮಾಡಿದಳು. “ಹಾಲ್ ಫುಲ್ ಆಗಿದೆ, ಎಲ್ಲಿದೀರಾ ನೀವು?”

ತೂಲಿಕ್ಕಿ ಬಾಯಲ್ಲಿದ್ದ ಹೋಳಿಗೆ ನುಂಗಿದಳು.

“ಬಂದೆ!” ಎಂದವಳೇ, ತುಪ್ಪಕ್ಕೆ ತಟ್ಟೆ ಮುಂದೊಡ್ಡಿದಳು.