ಶಾಸಕರು ನಮ್ಮ ಮನೆಗೆ ಊಟಕ್ಕೆ ಬಂದದ್ದು

ನಮ್ಮ ಶಾಸಕರು ಯಾವ ಕ್ಷೇತ್ರದವರೆಂದು ನಾನು ಹೇಳುವುದಿಲ್ಲ. ಇಂಡಿ, ಸಿಂದಗಿ, ಮುದ್ದೇಬಿಹಾಳ, ಬಸವನ ಬಾಗೇವಾಡಿ, ಎಲ್ಲಿಯವರೆಂದು ಬೇಕಾದರೂ ಅಂದುಕೊಳ್ಳಿ. ನಾನು ಸರಕಾರಿ ಹೈಸ್ಕೂಲಿನ ಮಾಸ್ತರ. ವರ್ಗಾವಣೆಯ ಭಯ ನನಗೂ ಇದೆ.

ಕಾಲೇಜಿನಲ್ಲಿ ನಾವಿಬ್ಬರೂ ಒಂದೇ ಬೆಂಚಿನವರು. ಎದುರಿಗೆ ಬಂದವರ ಹೆಗಲ ಮೇಲೆ ಕೈ ಹಾಕುವ ಚಾಳಿ ಅವರಿಗೆ ಆಗಲೇ ಇತ್ತು. ಮುಂದೆ ಗ್ರಾಮ ಪಂಚಾಯ್ತಿ ಗೆದ್ದರು, ಜಿಲ್ಲಾ ಪಂಚಾಯ್ತಿಗೆ ಹೋದರು, ವಿಧಾನಸಭೆಗೆ ನಿಂತು ಸೋತರು, ಪಕ್ಷ ಬದಲಿಸಿ ಗೆದ್ದರು. ಅವರ ಕೈ ಹೆಗಲ ಮೇಲೆ ಬಿದ್ದಾಗಲೆಲ್ಲ ಇದರ ಹಿಂದೆ ಏನಿದೆಯಪ್ಪಾ ಎಂದು ಹುಡುಕುವುದು ನನ್ನ ಚಾಳಿ.

ಒಮ್ಮೆ ನಮ್ಮ ಮನೆಗೆ ಊಟಕ್ಕೆ ಬರುವುದಾಗಿ ಹೇಳಿಕಳಿಸಿದರು. ನಮ್ಮದು ಊರ ಹೊರಗಿನ ಕೇರಿ. ಅಪ್ಪನ ಕಾಲಕ್ಕೇ ನಾವು ಬೌದ್ಧರಾದೆವು. ಕೇರಿ ಮಾತ್ರ ಊರೊಳಗೆ ಬರಲಿಲ್ಲ. ಇಂಥ ಊಟಗಳ ಫೋಟೊಗಳನ್ನು ಪೇಪರಿನಲ್ಲಿ ಬೇಕಾದಷ್ಟು ನೋಡಿದ್ದೆ, ಹಾಗಾಗಿ ನನಗೆ ಅನುಮಾನ. ಅವ್ವನಿಗೆ ಹಿಗ್ಗೋ ಹಿಗ್ಗು. ಬೆಳಿಗ್ಗೆ ಎದ್ದವಳೇ ರೊಟ್ಟಿ ಬಡಿಯಲು ಕೂತಳು.

"ಊರಾಗಿನ ಮಂದಿ ಯಾರೂ ನನ್ನ ಕೈ ರೊಟ್ಟಿ ಎದುರಾ ಎದುರು ಉಂಡಿಲ್ಲ. ಇವತ್ತ ಉಣ್ತಾರ, ನೋಡ್ತಿರು," ಅಂದಳು.

ಮಧ್ಯಾಹ್ನ ಶಾಸಕರಿಗಿಂತ ಮೊದಲು ಅವರ ಆಪ್ತ ಸಹಾಯಕ ಬಂದ. ಜೊತೆಗೆ ಹೋಟೆಲಿನ ಡಬ್ಬಿಗಳೂ ಇಳಿದವು.

"ಅಡಿಗಿ ನಾವ ತಂದೇವ್ರಿ ಸರ, ನಿಮಗ್ಯಾಕ ತ್ರಾಸ? ತಾಟು ಅಷ್ಟ ನಿಮ್ಮವ ಇರ್ಲಿ, ಫೋಟೊದಾಗ ಕಾಣ್ತಾವ."

ತೊಳೆದಿಟ್ಟಿದ್ದ ತಾಟುಗಳನ್ನೇ ಬಾಟಲಿ ನೀರಿನಲ್ಲಿ ಮತ್ತೊಮ್ಮೆ ತೊಳೆದ. ನನಗೆ ಮೈಯೆಲ್ಲ ಉರಿಯಿತು. ಜಗಳಕ್ಕೆ ನಿಂತವನನ್ನು ಅವ್ವ ಒಳಗೆಳೆದುಕೊಂಡಳು. "ಸುಮ್ನಿರು. ಇದು ಅವರಿಗೆ ಗೊತ್ತಿರ್ಲಿಕ್ಕಿಲ್ಲ."

ಶಾಸಕರು ಬಂದು ಪಡಸಾಲೆಯಲ್ಲಿ ಚಕ್ಕಳಮಕ್ಕಳ ಹಾಕಿ ಕೂತರು. ಕ್ಯಾಮೆರಾದವರು ಮುತ್ತಿಕೊಂಡರು. ಶಾಸಕರ ಜೊತೆ ಬಂದ ಊರ ಹಿರಿಯರು ಒಳಗೆ ಬಾರದೆ ಬಾಗಿಲಾಚೆಯೇ ನಿಂತರು. ಸಹಾಯಕ ಚಪಾತಿ, ಪಲ್ಯ ಬಡಿಸಿದ. ಅಷ್ಟರಲ್ಲಿ ಅವ್ವ ರೊಟ್ಟಿ ಬುಟ್ಟಿ ಹಿಡಿದು ಬಂದವಳೇ ಒಂದು ರೊಟ್ಟಿಯನ್ನು ಶಾಸಕರ ತಾಟಿಗೆ ಹಾಕಿಬಿಟ್ಟಳು.

ನಾನು ಅವರ ಕೈಯನ್ನೇ ನೋಡುತ್ತಿದ್ದೆ. ಕೈ ರೊಟ್ಟಿಯತನಕ ಹೋಯಿತು. ಅವರು ತಲೆಯೆತ್ತಿ ಬಾಗಿಲಾಚೆಯ ಹಿರಿಯರನ್ನು ಒಮ್ಮೆ ನೋಡಿದರು. ಆಮೇಲೆ ಚಪಾತಿ ಮುರಿದರು. ರೊಟ್ಟಿ ತಾಟಿನ ಅಂಚಿನಲ್ಲೇ ಉಳಿಯಿತು. ಮರುದಿನದ ಪೇಪರಿನ ಫೋಟೊದಲ್ಲಿ ಚೆನ್ನಾಗಿಯೇ ಕಾಣುತ್ತಿತ್ತು.

ಕ್ಯಾಮೆರಾದವರು ಹೊರಟುಹೋದರು. ಶಾಸಕರು ಕೈ ತೊಳೆಯುವ ನೆಪದಲ್ಲಿ ಒಬ್ಬರೇ ಅಡಿಗೆಮನೆಗೆ ಬಂದು ಒಲೆಯ ಮುಂದೆ ಕುಕ್ಕರಗಾಲಲ್ಲಿ ಕೂತರು.

"ಅವ್ವಾ, ಈಗ ಕೊಡು ನಿನ್ನ ರೊಟ್ಟಿ. ಹೊರಗಿಂದೆಲ್ಲಾ ನಾಟಕ, ನಿಮಗ ಗೊತ್ತೈತೆಲ್ಲಾ. ಖರೇನ ಹಸಿವಾಗೇತಿ."

ಆ ದನಿಯಲ್ಲಿ ಎಷ್ಟು ಹುಡುಕಿದರೂ ನನಗೆ ಸುಳ್ಳು ಸಿಗಲಿಲ್ಲ. ಮನುಷ್ಯ ನಿಜವಾಗಿಯೂ ಹಸಿದಿದ್ದ. ಅವ್ವ ಇನ್ನೇನು ಬಡಿಸಿಯೇಬಿಡುತ್ತಾಳೆ ಅಂದುಕೊಂಡೆ. ಅವ್ವ ಬುಟ್ಟಿಯ ಮೇಲೆ ಬಟ್ಟೆ ಮುಚ್ಚಿದಳು.

"ಹಿಂಗ ಒಳಗ ಕುಂತು ಉಂಡು ಹೋದವರು ಮೊದಲಿಂದಾನೂ ಅದಾರಪ್ಪಾ. ಬಜಾರದಾಗ ಸಿಕ್ರ ಅವರು ನಮ್ಮ ಗುರ್ತ ಹಿಡೀತಿರಲಿಲ್ಲ. ಹಸಿವಾಗಿದ್ರ ಪಡಸಾಲಿಗೆ ಬಾ. ಹಿರ್ಯಾರು ಇನ್ನೂ ಬಾಗಲದಾಗ ನಿಂತಾರ, ಅವರ ಮುಂದ ಬಡಸ್ತೇನಿ."

ಶಾಸಕರು ಎದ್ದರು. ಅವ್ವ ಅವರ ಹಿಂದೆಯೇ ಪಡಸಾಲೆಗೆ ಬಂದು, ಬುಟ್ಟಿಯ ಬಟ್ಟೆ ಸರಿಸಿ, ರೊಟ್ಟಿ ಕೈಯಲ್ಲಿ ಹಿಡಿದು ನಿಂತಳು. ಅವರು ಎಲ್ಲರಿಗೂ ಕೈಮುಗಿದು ಚಪ್ಪಲಿ ಮೆಟ್ಟಿದರು. ಕಾರು ಕೇರಿ ದಾಟುವತನಕ ಅವ್ವ ಆ ರೊಟ್ಟಿಯನ್ನು ಕೆಳಗಿಡಲಿಲ್ಲ.