ಆಸ್ಗರನ ಖಾಲಿ ಕ್ಯಾಮೆರಾ

ಆಸ್ಗರ್ ಟೋಫ್ಟ್ ನಮ್ಮ ಡೆನ್ಮಾರ್ಕಿನ ಒಳ್ಳೆಯ ಛಾಯಾಗ್ರಾಹಕ. ಇದನ್ನು ಮೊದಲೇ ಹೇಳಿಬಿಡುತ್ತೇನೆ, ಆಮೇಲೆ ಹೇಳಲು ಬಾಯಿ ಬಾರದು. ಲೆಮ್ವಿಯ ಡೈರಿ ಕೆಲಸಗಾರನ ಮಗ. ಊರಿನ ಟಾಕೀಸಿನಲ್ಲಿ ರೀಲು ಓಡಿಸುತ್ತಿದ್ದವನು ಕೋಪನ್‌ಹೇಗನ್ನಿಗೆ ಹೋಗಿ ನಲವತ್ತು ವರ್ಷ ಕ್ಯಾಮೆರಾ ಹಿಡಿದ. ದೀಪ ಹಾಕುವುದೆಂದರೆ ಅವನಿಗೆ ಆಗದು. ಕಿಟಕಿಯ ಬೆಳಕೇ ಸಾಕೆಂದು, ಮೋಡ ಸರಿಯುವ ತನಕ ಕಾಫಿ ಹೀರುತ್ತಾ ಕೂರುತ್ತಿದ್ದ. ಇಪ್ಪತ್ತಾರು ವರ್ಷ ಅವನ ಕ್ಯಾಮೆರಾಕ್ಕೆ ರೀಲು ತುಂಬಿದವಳು ನಾನು, ಬೋಡಿಲ್. ತುಂಬದೇ ಬಿಟ್ಟವಳೂ ನಾನೇ.

ನಮ್ಮದೊಂದು ಚಾಳಿ ಇತ್ತು. ಸಾಕ್ಷ್ಯಚಿತ್ರಕ್ಕೆಂದು ಯಾರದಾದರೂ ಮನೆಗೆ ಹೋದರೆ, ಕ್ಯಾಮೆರಾ ಕಂಡೊಡನೆ ಅವರು ಮರಗಟ್ಟಿಬಿಡುತ್ತಿದ್ದರು. ಹಾಗಾಗಿ ಮೊದಲ ಸಲ ರೀಲೂ ಇಲ್ಲ, ಟೇಪೂ ಇಲ್ಲ, ಸುಮ್ಮನೆ ಕ್ಯಾಮೆರಾ ಗುರ್ರೆನ್ನಿಸುವುದು. ಅಂಜಿಕೆ ಬಿಟ್ಟ ಮೇಲೆ ನಿಜವಾಗಿ ತೆಗೆಯುವುದು. ಆಮೇಲೆ ಕಾರಿನಲ್ಲಿ ಕೂತು ಅದನ್ನೇ ಹೇಳಿಕೊಂಡು ನಗುತ್ತಿದ್ದೆವು ಬೇರೆ.

ಟ್ಯೂಬೊರೋನ್ ಬಂದರಿನ ಸಿಡ್ಸೆಲ್ ಒಬ್ಬ ಮೀನುಗಾರನ ವಿಧವೆ. ಬಲೆ ಹೆಣೆಯುವುದನ್ನು ಚಿತ್ರಿಸಲು ಹೋದವರು ನಾವು. ಖಾಲಿ ಕ್ಯಾಮೆರಾ ಗುರ್ರೆಂದದ್ದೇ ತಡ, ಮುದುಕಿ ಬಲೆ ಪಕ್ಕಕ್ಕಿಟ್ಟಳು.

“ಅವತ್ತು ನನ್ನ ಮಗ ಕ್ರೆಸ್ಟೆನ್‌ದೇನೂ ತಪ್ಪಿಲ್ಲ. ಅವನನ್ನ ಎಬ್ಬಿಸ್ಬೇಡಿ, ಒಂದಿನ ಮಲಗ್ಲಿ ಅಂತ ಗಂಡನಿಗೆ ಹೇಳ್ದೋಳು ನಾನೇ. ಅವರು ಒಬ್ರೇ ಸಮುದ್ರಕ್ಕೆ ಹೋದ್ರು, ಮುಳುಗಿದ್ರು. ಊರೆಲ್ಲ ಮಗನ್ನ ಸೋಮಾರಿ ಅಂತು. ನಾನು ಬಾಯಿ ಮುಚ್ಕೊಂಡಿದ್ದೆ.”

ಆಸ್ಗರನ ಕಿವಿ ಕೆಂಪಾಯಿತು. ನಾನು ಗಡಬಡಿಸಿ ರೀಲು ತುಂಬಿದೆ.

“ಅಜ್ಜಿ, ಇನ್ನೊಂದ್ಸಲ ಹೇಳ್ತೀರಾ?” ಎಂದ ಆಸ್ಗರ್.

“ಒಂದ್ಸಲ ಹೇಳೋಕೇ ಹದಿನಾಲ್ಕು ವರ್ಷ ಬೇಕಾಯ್ತು ಮಾರಾಯ. ನಿನ್ನ ಮಿಷಿನ್ನಲ್ಲಿ ಇದೆಯಲ್ಲ, ಅದನ್ನೇ ಕ್ರೆಸ್ಟೆನ್‌ಗೆ ತೋರ್ಸು.”

ಆಗ ನಿಜ ಹೇಳಬೇಕಿತ್ತು. “ಆಗ್ಲಿ ಅಜ್ಜಿ” ಎಂದುಬಿಟ್ಟ ಆಸ್ಗರ್. ನಾನೂ ತಲೆಯಾಡಿಸಿದೆ. ಥೂ, ನಮ್ಮ ಜನ್ಮಕ್ಕಿಷ್ಟು! ಬಲೆ ಹೆಣೆಯುವುದನ್ನು ತೆಗೆದುಕೊಂಡು ಬಂದೆವು. ಆ ಚಿತ್ರದ ಬೆಳಕಿಗೆ ಪ್ರಶಸ್ತಿಯೂ ಬಂತು. ಮುಂದಿನ ಚಳಿಗಾಲದಲ್ಲಿ ಸಿಡ್ಸೆಲ್ ತೀರಿಕೊಂಡಳು.

ಆಸ್ಗರನಿಗೆ ಎಪ್ಪತ್ತು ತುಂಬಿದ ದಿನ. ಮೇಜಿನ ಮೇಲೆ ಹುಟ್ಟುಹಬ್ಬಕ್ಕೆಂದು ಸಿಕ್ಕಿಸಿದ ಪುಟ್ಟ ಬಾವುಟಗಳು, ರೈ ಬ್ರೆಡ್ಡು, ಉಪ್ಪಿನಲ್ಲಿಟ್ಟ ಹೆರಿಂಗ್ ಮೀನು. ಒಬ್ಬೊಬ್ಬರೇ ಎದ್ದು ಅವನನ್ನು ಹೊಗಳುತ್ತಿದ್ದಾಗ ಕ್ರೆಸ್ಟೆನ್ ಒಳಗೆ ಬಂದ. ಗ್ರೀನ್‌ಲ್ಯಾಂಡಿನ ಹಡಗುಗಳಲ್ಲಿ ದುಡಿದು ಸವೆದ ಮನುಷ್ಯ. ಅಪ್ಪ ಸತ್ತ ಮೇಲೆ ಊರು ಬಿಟ್ಟವನು ಅಮ್ಮನ ಮುಖ ನೋಡಲು ಬಂದಿರಲೇ ಇಲ್ಲ.

“ಅಮ್ಮ ನನ್ನ ವಿಷಯ ಏನೋ ನಿಮ್ಮ ಕ್ಯಾಮೆರಾಗೆ ಹೇಳಿದ್ಲಂತೆ. ಪಕ್ಕದ ಮನೆಯವ್ರು ಅಂದ್ರು. ತೋರಿಸ್ತೀರಾ?”

ಆಸ್ಗರ್ ಅವನನ್ನೂ ನನ್ನನ್ನೂ ಅಡುಗೆಮನೆಗೆ ಕರೆದ. ಅವತ್ತು ಕ್ಯಾಮೆರಾ ಖಾಲಿ ಇತ್ತೆಂದು ಹೇಳಿಬಿಟ್ಟ. ನನಗಂತೂ ನೆಲ ಬಾಯಿಬಿಡಬಾರದೇ ಅನ್ನಿಸಿತು. ಸಿಡ್ಸೆಲ್ ಆಡಿದ ಮಾತನ್ನು ಒಂದಕ್ಷರ ಬಿಡದೆ ಕ್ರೆಸ್ಟೆನ್‌ಗೆ ಒಪ್ಪಿಸಿದೆ.

ಒಂದು ಗಳಿಗೆ ಕ್ರೆಸ್ಟೆನ್‌ನ ಮುಖ ಸಡಿಲವಾಯಿತು. ಆಮೇಲೆ ಮತ್ತೆ ಬಿಗಿಯಾಯಿತು.

“ಅಮ್ಮ ಹೀಗೇ ಅಂದಿರ್ಲಿ ಅಂತ ನಂಗೂ ಆಸೆ. ಆದ್ರೆ ಖಾಲಿ ಕ್ಯಾಮೆರಾ ಓಡಿಸಿ ಅವಳನ್ನ ನಂಬಿಸಿದೋರು ನೀವು. ಈಗ ನನ್ನ ಸಮಾಧಾನಕ್ಕೆ ಇದನ್ನ ಹೇಳ್ತಿಲ್ಲ ಅಂತ ಹೆಂಗೆ ನಂಬ್ಲಿ, ನೀವೇ ಹೇಳಿ?”

ಆಸ್ಗರ್ ನನ್ನ ಮುಖ ನೋಡಿದ.